1919ರ ಸ್ಟ್ಯಾನ್ಲಿ ಕಪ್ ಅಂತಿಮ ಸರಣಿ

1919ರ ಸ್ಟ್ಯಾನ್ಲಿ ಕಪ್ ಅಂತಿಮ ಸರಣಿಯು ವೃತ್ತಿಪರ ಐಸ್ ಹಾಕಿಯ ಅತ್ಯುನ್ನತ ಪ್ರಶಸ್ತಿಗಾಗಿ ಅಮೆರಿಕ ಸಂಯುಕ್ತ ಸಂಸ್ಥಾನದ ಸಿಯಾಟಲ್ ಮೆಟ್ರೊಪಾಲಿಟನ್ಸ್ ಮತ್ತು ಕೆನಡಾದ ಮಾಂಟ್ರಿಯಲ್ ಕೆನೇಡಿಯನ್ಸ್ ತಂಡಗಳ ನಡುವೆ ಸಿಯಾಟಲ್ ನಗರದಲ್ಲಿ ನಡೆದ ಪಂದ್ಯಮಾಲಿಕೆ. ಮಾರ್ಚ್ 19ರಂದು ಆರಂಭವಾದ ಈ ಸರಣಿಯಲ್ಲಿ ಐದು ಪಂದ್ಯಗಳು ನಡೆದವು. ಎರಡೂ ತಂಡಗಳು ತಲಾ ಎರಡು ಪಂದ್ಯಗಳನ್ನು ಗೆದ್ದಿದ್ದವು. ಒಂದು ಪಂದ್ಯ ಸಮವಾಗಿತ್ತು. ನಿರ್ಣಾಯಕವಾದ ಆರನೆಯ ಪಂದ್ಯವು ಏಪ್ರಿಲ್ 1ರಂದು ನಡೆಯಬೇಕಿತ್ತು. ಮಾಂಟ್ರಿಯಲ್ ತಂಡದ ಹಲವು ಆಟಗಾರರು ಇನ್‌ಫ್ಲುಯೆಂಜಾ ಜ್ವರಕ್ಕೆ ತುತ್ತಾದುದರಿಂದ ಪಂದ್ಯ ಆರಂಭವಾಗಲು ಕೆಲವೇ ಗಂಟೆಗಳಿರುವಾಗ ಅದನ್ನು ರದ್ದುಗೊಳಿಸಲಾಯಿತು. ಆ ವರ್ಷ ಕಪ್ಪನ್ನು ಯಾರಿಗೂ ನೀಡಲಿಲ್ಲ. ನಾಲ್ಕು ದಿನಗಳ ಬಳಿಕ ಮಾಂಟ್ರಿಯಲ್ ತಂಡದ ರಕ್ಷಣಾ ಆಟಗಾರ ಜೋ ಹಾಲ್ ಅವರು ಸಿಯಾಟಲ್‌ನ ಆಸ್ಪತ್ರೆಯಲ್ಲಿ ನಿಧನರಾದರು. 1893ರಲ್ಲಿ ಮೊದಲ ಬಾರಿಗೆ ಪ್ರದಾನವಾದಂದಿನಿಂದ ಸ್ಟ್ಯಾನ್ಲಿ ಕಪ್ ವಿಜೇತರಿಲ್ಲದೆ ಉಳಿದದ್ದು ಎರಡೇ ಸಲ. ಅದರಲ್ಲಿ ಇದು ಮೊದಲನೆಯದು.

ಹಿನ್ನೆಲೆ

ಐಸ್ ಹಾಕಿಯು ಭಾರತೀಯರಿಗೆ ಪರಿಚಿತವಾದ ಹುಲ್ಲುಗಾವಲಿನ ಹಾಕಿಯ ದಾಯಾದಿ ಎನ್ನಬಹುದಾದ ಆಟ. ಹೆಪ್ಪುಗಟ್ಟಿದ ನೀರಿನ ಅಂಕಣದ ಮೇಲೆ ಲೋಹದ ಅಲಗುಳ್ಳ ಸ್ಕೇಟ್‌ಗಳನ್ನು ತೊಟ್ಟು ಆಟಗಾರರು ಜಾರುತ್ತ ಓಡುತ್ತಾರೆ. ಚೆಂಡಿನ ಬದಲು 'ಪಕ್' ಎಂಬ ಚಪ್ಪಟೆಯಾದ ರಬ್ಬರಿನ ಬಿಲ್ಲೆಯನ್ನು ಬಾಗಿದ ಕೋಲಿನಿಂದ ಎದುರಾಳಿಯ ಗೋಲಿಗೆ ಹೊಡೆಯುತ್ತಾರೆ. ಮೈಗೆ ಮೈ ತಾಗಿಸುವುದಕ್ಕೆ ಈ ಆಟದಲ್ಲಿ ಅವಕಾಶವಿದೆ. ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ತಲೆಗೆ ಶಿರಸ್ತ್ರಾಣವಾಗಲಿ, ಗೋಲ್‌ಕೀಪರನ ಮುಖಕ್ಕೆ ಕವಚವಾಗಲಿ ರೂಢಿಯಲ್ಲಿರಲಿಲ್ಲ. ಬದಲಿ ಆಟಗಾರರ ಸಂಖ್ಯೆಯೂ ತೀರ ಕಡಿಮೆ. ಮುಖ್ಯ ಆಟಗಾರರು ಇಪ್ಪತ್ತು ನಿಮಿಷಗಳ ಮೂರು ಅವಧಿಗಳನ್ನೂ ಬಹುಮಟ್ಟಿಗೆ ಅಂಕಣದಲ್ಲೇ ಕಳೆಯುತ್ತಿದ್ದರು. ಈ ಸರಣಿಯು ಹೋದ ಹಾದಿಯನ್ನು ಅರಿಯಲು ಈ ಸಂಗತಿ ಮುಖ್ಯವಾದುದು.

ಸ್ಟ್ಯಾನ್ಲಿ ಕಪ್ ಕೆನಡಾದ ಗವರ್ನರ್ ಜನರಲ್ ಆಗಿದ್ದ ಪ್ರೆಸ್ಟನ್ನಿನ ಲಾರ್ಡ್ ಸ್ಟ್ಯಾನ್ಲಿ ಅವರು 1892ರಲ್ಲಿ ದಾನವಾಗಿ ಕೊಟ್ಟ ಬೆಳ್ಳಿಯ ಬಟ್ಟಲು. ಮೊದಲಿಗೆ ಇದು ಹವ್ಯಾಸಿ ತಂಡಗಳಿಗೆ ಮೀಸಲಾಗಿತ್ತು. ಕಪ್ಪನ್ನು ಹೊಂದಿದ ತಂಡಕ್ಕೆ ಬೇರೆ ತಂಡಗಳು ಸವಾಲು ಹಾಕಿ ಅದನ್ನು ಗೆಲ್ಲಬಹುದಾಗಿತ್ತು. ಕ್ರಮೇಣ ಆಟಕ್ಕೆ ಹಣ ಬಂದು, ವೃತ್ತಿಪರ ತಂಡಗಳು ಹುಟ್ಟಿಕೊಂಡು, ಹವ್ಯಾಸಿಗಳು ಹಿಂದೆ ಸರಿದರು.

1911ರಲ್ಲಿ ಫ್ರಾಂಕ್ ಪ್ಯಾಟ್ರಿಕ್ ಮತ್ತು ಲೆಸ್ಟರ್ ಪ್ಯಾಟ್ರಿಕ್ ಎಂಬ ಸಹೋದರರು ತಮ್ಮ ತಂದೆಯು ಮರದ ವ್ಯಾಪಾರದಿಂದ ಗಳಿಸಿದ ಹಣವನ್ನು ತೊಡಗಿಸಿ ಪಶ್ಚಿಮ ಕರಾವಳಿಯಲ್ಲಿ ಪೆಸಿಫಿಕ್ ಕೋಸ್ಟ್ ಹಾಕಿ ಅಸೋಸಿಯೇಷನ್ ಎಂಬ ಸಂಘವನ್ನು ಸ್ಥಾಪಿಸಿದರು. ಅಲ್ಲಿನ ಚಳಿಗಾಲವು ಅಷ್ಟೇನೂ ಕಠಿಣವಲ್ಲದ ಕಾರಣ ಯಂತ್ರಗಳಿಂದ ಕೃತಕವಾಗಿ ಮಂಜುಗಡ್ಡೆಯನ್ನು ಹೆಪ್ಪುಗಟ್ಟಿಸುವ ಕ್ರೀಡಾಂಗಣಗಳನ್ನು ಕಟ್ಟಿಸಬೇಕಾಯಿತು. ಪೂರ್ವದ ತಂಡಗಳಿಂದ ಹೆಸರಾಂತ ಆಟಗಾರರನ್ನು ಹೆಚ್ಚಿನ ಸಂಬಳದ ಆಸೆ ತೋರಿಸಿ ಸೆಳೆದುಕೊಳ್ಳುವುದರಲ್ಲಿಯೂ ಈ ಸಹೋದರರು ಹಿಂಜರಿಯಲಿಲ್ಲ. 1914ರಿಂದ ಪೂರ್ವದ ಲೀಗಿನ ವಿಜೇತರೂ ಪಶ್ಚಿಮದ ಸಂಘದ ವಿಜೇತರೂ ಪ್ರತಿವರ್ಷ ಕಪ್ಪಿಗಾಗಿ ಸೆಣಸುವ ಪದ್ಧತಿ ಬಂತು. ಸರಣಿಯು ಒಂದು ವರ್ಷ ಪೂರ್ವದಲ್ಲಿ ನಡೆದರೆ ಮರುವರ್ಷ ಪಶ್ಚಿಮದಲ್ಲಿ. 1917ರ ನವೆಂಬರಿನಲ್ಲಿ ಪೂರ್ವದ ಹಳೆಯ ಸಂಘದ ಜಾಗದಲ್ಲಿ ನ್ಯಾಷನಲ್ ಹಾಕಿ ಲೀಗ್ ಸ್ಥಾಪಿತವಾಯಿತು. ಇಂದು ಜಗತ್ತಿನ ಅತಿ ಶ್ರೀಮಂತ ಹಾಕಿ ಸಂಸ್ಥೆಯಾಗಿರುವ ಈ ಲೀಗು ಆಗ ಎರಡು ವರ್ಷದ ಕೂಸು. ಮೂರು ತಂಡಗಳನ್ನು ಉಳಿಸಿಕೊಳ್ಳುವುದೂ ಅದಕ್ಕೆ ಕಷ್ಟವಾಗಿತ್ತು.

ಎರಡು ಬಗೆಯ ನಿಯಮಗಳು

ಪೂರ್ವ ಮತ್ತು ಪಶ್ಚಿಮದ ಆಟಗಳು ಒಂದೇ ಆಗಿರಲಿಲ್ಲ. ಪಶ್ಚಿಮದಲ್ಲಿ ಒಂದು ಕಡೆಗೆ ಏಳು ಮಂದಿ ಆಡುತ್ತಿದ್ದರು: ಗೋಲ್‌ಕೀಪರ್, ಇಬ್ಬರು ರಕ್ಷಣಾ ಆಟಗಾರರು, ಮುಂಚೂಣಿಯ ಮೂವರು ಮತ್ತು ಇವರ ನಡುವೆ ಎಲ್ಲಿ ಅಗತ್ಯವೋ ಅಲ್ಲಿಗೆ ಧಾವಿಸುವ 'ರೋವರ್'. ಪೂರ್ವದವರು ರೋವರ್ ಸ್ಥಾನವನ್ನು ಕೆಲವು ವರ್ಷಗಳ ಹಿಂದೆಯೇ ಕೈಬಿಟ್ಟು ಆರು ಜನರ ಆಟವನ್ನು ಆಡುತ್ತಿದ್ದರು. ಅಂಕಣವನ್ನು ನೀಲಿ ಗೆರೆಗಳಿಂದ ಮೂರು ಭಾಗಗಳಾಗಿ ವಿಂಗಡಿಸಿ, ನಡುವಿನ ಭಾಗದಲ್ಲಿ ಪಕ್ಕನ್ನು ಮುಂದಕ್ಕೆ ದಾಟಿಸಲು ಅನುಮತಿ ಕೊಟ್ಟದ್ದು ಪ್ಯಾಟ್ರಿಕ್ ಸಹೋದರರ ಹೊಸತನ. ಪೂರ್ವದ ಲೀಗು ಇದನ್ನು 1918-19ರ ಋತುವಿನಲ್ಲಿ ತಾನೂ ಅಳವಡಿಸಿಕೊಂಡಿತಾದರೂ ಆಟಗಾರರಿಗೆ ಅದು ಇನ್ನೂ ಪೂರ್ಣವಾಗಿ ಮೈಗೂಡಿರಲಿಲ್ಲ. ಹೀಗಾಗಿ ಸ್ಟ್ಯಾನ್ಲಿ ಕಪ್ ಸರಣಿಯಲ್ಲಿ ಒಂದು ಪಂದ್ಯವನ್ನು ಪಶ್ಚಿಮದ ನಿಯಮಗಳಂತೆಯೂ ಮರುಪಂದ್ಯವನ್ನು ಪೂರ್ವದ ನಿಯಮಗಳಂತೆಯೂ ಆಡಿಸುವ ಒಪ್ಪಂದವಿತ್ತು. ಮೂರು ಪಂದ್ಯಗಳನ್ನು ಗೆದ್ದ ತಂಡಕ್ಕೆ ಕಪ್ ಸಲ್ಲಬೇಕು. ಮೊದಲ ಪಂದ್ಯಕ್ಕೆ ಆತಿಥೇಯರ ನಿಯಮ ಅನ್ವಯಿಸುತ್ತಿತ್ತು. ಈ ಏರ್ಪಾಡು ನ್ಯಾಯಸಮ್ಮತವೆಂದು ಆಗ ತೋರಿತ್ತು. ಆದರೆ ಪ್ರತಿ ತಂಡವೂ ತನ್ನ ನಿಯಮದಲ್ಲಿ ಗೆದ್ದು ಪರರ ನಿಯಮದಲ್ಲಿ ಸೋಲುವ ಸಾಧ್ಯತೆಯೇ ಹೆಚ್ಚೆಂಬುದು ಈ ಸರಣಿಯಲ್ಲಿ ಸ್ಪಷ್ಟವಾಯಿತು.

ತಂಡಗಳು ಬಂದ ದಾರಿ

1918-19ರಲ್ಲಿ ನ್ಯಾಷನಲ್ ಹಾಕಿ ಲೀಗಿನಲ್ಲಿ ಮಾಂಟ್ರಿಯಲ್, ಒಟ್ಟಾವ ಮತ್ತು ಟೊರಾಂಟೊ ತಂಡಗಳಿದ್ದವು. ಹಿಂದಿನ ವರ್ಷ ಕಪ್ ಗೆದ್ದಿದ್ದ ಟೊರಾಂಟೊ ಹಣಕಾಸಿನ ತೊಂದರೆಗೆ ಸಿಲುಕಿ ಫೆಬ್ರವರಿಯಲ್ಲಿ ಆಟದಿಂದ ಹಿಂದೆ ಸರಿಯಿತು. ಋತುವಿನ ಮೊದಲರ್ಧದ ವಿಜೇತರಾದ ಮಾಂಟ್ರಿಯಲ್ ಕೆನೇಡಿಯನ್ಸ್ ಮತ್ತು ದ್ವಿತೀಯಾರ್ಧದ ವಿಜೇತರಾದ ಒಟ್ಟಾವ ಸೆನೆಟರ್ಸ್ ತಂಡಗಳು ಏಳು ಪಂದ್ಯಗಳ ಸರಣಿಯಲ್ಲಿ ಎದುರಾದವು. ಮಾಂಟ್ರಿಯಲ್ ನಾಲ್ಕು ಪಂದ್ಯಗಳನ್ನು ಗೆದ್ದು ಒಂದನ್ನು ಮಾತ್ರ ಸೋತಿತು. ಆ ಐದು ಪಂದ್ಯಗಳಲ್ಲಿ ನ್ಯೂಸಿ ಲಲಾಂಡ್ ಅವರೊಬ್ಬರೇ ಹನ್ನೊಂದು ಗೋಲು ಹೊಡೆದರು. ಬಳಿಕ ತಂಡವು ನಾಲ್ಕು ಸಾವಿರ ಕಿಲೋಮೀಟರಿಗೂ ಮಿಗಿಲಾದ ದೂರವನ್ನು ರೈಲಿನಲ್ಲಿ ಕ್ರಮಿಸಿ ಪಶ್ಚಿಮ ಕರಾವಳಿಯನ್ನು ಮುಟ್ಟಿತು.

ಪಶ್ಚಿಮದ ಸಂಘದಲ್ಲಿಯೂ ಮೂರೇ ತಂಡಗಳು: ಸಿಯಾಟಲ್, ವ್ಯಾಂಕೂವರ್ ಮತ್ತು ವಿಕ್ಟೋರಿಯ. ವ್ಯಾಂಕೂವರ್ ಮೊದಲ ಸ್ಥಾನದಲ್ಲಿಯೂ ಸಿಯಾಟಲ್ ಎರಡನೆಯ ಸ್ಥಾನದಲ್ಲಿಯೂ ಋತುವನ್ನು ಮುಗಿಸಿದವು. ಒಟ್ಟು ಗೋಲುಗಳ ಆಧಾರದ ಎರಡು ಪಂದ್ಯಗಳ ಸ್ಪರ್ಧೆಯಲ್ಲಿ ಸಿಯಾಟಲ್ ಮೊದಲ ಪಂದ್ಯವನ್ನು 6-1ರಿಂದ ಗೆದ್ದು ಎರಡನೆಯದನ್ನು 4-1ರಿಂದ ಸೋತರೂ ಒಟ್ಟಾರೆ 7-5ರಿಂದ ಮುಂದೆ ಸಾಗಿತು.

ಈ ಎರಡು ತಂಡಗಳು ಅಪರಿಚಿತರೇನೂ ಅಲ್ಲ. 1917ರಲ್ಲಿ ಇದೇ ಸಿಯಾಟಲ್‌ನಲ್ಲಿ ಮೆಟ್ರೊಪಾಲಿಟನ್ಸ್ ತಂಡವು ಕೆನೇಡಿಯನ್ಸ್ ತಂಡವನ್ನು ಮಣಿಸಿ, ಸ್ಟ್ಯಾನ್ಲಿ ಕಪ್ ಗೆದ್ದ ಮೊದಲ ಅಮೆರಿಕನ್ ತಂಡವೆಂಬ ಕೀರ್ತಿ ಪಡೆದಿತ್ತು. ತಂಡವು ಅಮೆರಿಕದ್ದಾದರೂ ಆಟಗಾರರು ಬಹುಪಾಲು ಕೆನಡಾದವರೇ ಆಗಿದ್ದರೆಂಬುದನ್ನು ಇಲ್ಲಿ ನೆನೆಯಬೇಕು. ಗೋಲ್‌ಕೀಪರ್ ಹ್ಯಾಪ್ ಹೋಮ್ಸ್, ಜ್ಯಾಕ್ ವಾಕರ್, ಫ್ರಾಂಕ್ ಫಾಯ್ಸ್ಟನ್ ಮತ್ತು ಕಲಿ ವಿಲ್ಸನ್ ಇವರೆಲ್ಲ 1915ರಲ್ಲಿ ಟೊರಾಂಟೊದಿಂದ ಸಿಯಾಟಲ್‌ಗೆ ಸೆಳೆದು ತರಲ್ಪಟ್ಟವರು. ಹೋಮ್ಸ್ ಅವರು ತಮ್ಮ ವೃತ್ತಿಜೀವನದಲ್ಲಿ ನಾಲ್ಕು ಸಲ ಸ್ಟ್ಯಾನ್ಲಿ ಕಪ್ ಗೆದ್ದ ತಂಡಗಳಲ್ಲಿದ್ದರು. ವಾಕರ್ ಅವರು ಎದುರಾಳಿಯ ಬಳಿ ಬಾಗಿ, ಕೋಲನ್ನು ನೆಲಕ್ಕೆ ಚಾಚಿ ಕೊಕ್ಕೆ ಹಾಕಿದಂತೆ ಪಕ್ಕನ್ನು ಕಸಿಯುವ ಕಲೆಯಲ್ಲಿ ನಿಸ್ಸೀಮರು. ತಂಡದ ತರಬೇತುದಾರರು ಪೀಟ್ ಮಲ್ಡೂನ್.

ಸಿಯಾಟಲ್ ತಂಡಕ್ಕೆ ಒಂದು ದೊಡ್ಡ ಕೊರತೆಯಿತ್ತು. 1917ರ ಸರಣಿಯ ನಾಲ್ಕು ಪಂದ್ಯಗಳಲ್ಲಿ ಹದಿನಾಲ್ಕು ಗೋಲುಗಳನ್ನೂ, ಕೊನೆಯ ಪಂದ್ಯವೊಂದರಲ್ಲೇ ಆರು ಗೋಲುಗಳನ್ನೂ ಹೊಡೆದಿದ್ದ ಬರ್ನಿ ಮಾರಿಸ್ ಅವರು ಈ ಬಾರಿ ಆಡಲಾಗಲಿಲ್ಲ. ಮಹಾಯುದ್ಧದ ಕಾಲದ ಕಡ್ಡಾಯ ಸೈನಿಕ ಸೇವೆಯನ್ನು ತಪ್ಪಿಸಿಕೊಂಡರೆಂಬ ಆರೋಪದ ಮೇಲೆ ಅಮೆರಿಕದ ಸೇನಾಧಿಕಾರಿಗಳು ಅವರನ್ನು ಬಂಧಿಸಿದ್ದರು. ಯುದ್ಧ ಮುಗಿದು ತಿಂಗಳುಗಳೇ ಕಳೆದಿದ್ದರೂ ಕಾನೂನಿನ ಕೈ ಸಡಿಲವಾಗಲಿಲ್ಲ. ಎರಡು ವರ್ಷದ ಶಿಕ್ಷೆಗೆ ಗುರಿಯಾಗಿ ಅವರು ಆಗ ಸೈನಿಕ ಸೆರೆಮನೆಯಾಗಿದ್ದ ಅಲ್‌ಕಟ್ರಾಜ್ ದ್ವೀಪಕ್ಕೆ ಹೋದರು. 1920ರಲ್ಲಿ ಬಿಡುಗಡೆ ಹೊಂದಿ ಮತ್ತೆ ಆಟಕ್ಕೆ ಮರಳಿದರು.

ಮಾಂಟ್ರಿಯಲ್ ತಂಡದ ಬೆನ್ನೆಲುಬು ಗೋಲ್‌ಕೀಪರ್ ಜಾರ್ಜ್ ವೆಜಿನಾ. ಎಂತಹ ಒತ್ತಡದಲ್ಲಿಯೂ ಅಳುಕದ ಅವರ ಸಮಚಿತ್ತವು ಮನೆಮಾತಾಗಿತ್ತು. ಇಂದಿಗೂ ಲೀಗಿನ ಶ್ರೇಷ್ಠ ಗೋಲ್‌ಕೀಪರನಿಗೆ ನೀಡುವ ಪ್ರಶಸ್ತಿ ಅವರ ಹೆಸರಿನಲ್ಲಿದೆ. ಲಲಾಂಡ್ ಅವರು ತಾರುಣ್ಯದಲ್ಲಿ ಪತ್ರಿಕೆಯೊಂದರ ಮುದ್ರಣಾಲಯದಲ್ಲಿ ದುಡಿದ ಕಾರಣ 'ನ್ಯೂಸಿ' ಎಂಬ ಅಡ್ಡಹೆಸರು ಪಡೆದವರು. ಲ್ಯಾಕ್ರೋಸ್ ಆಟದಲ್ಲಿಯೂ ಅಷ್ಟೇ ಖ್ಯಾತರು. ಇವರೊಡನೆ ಡಿಡಿಯೆ ಪೀತ್ರ್, ಓಡಿ ಕ್ಲೆಗ್‌ಹಾರ್ನ್, ಬರ್ಟ್ ಕಾರ್ಬೊ, ಲೂಯಿ ಬರ್ಲಿನ್ಕೆಟ್, ಬಿಲಿ ಕುಟು, ಜ್ಯಾಕ್ ಮೆಕ್‌ಡೊನಾಲ್ಡ್ ಮತ್ತು ಜೋ ಹಾಲ್ ಇದ್ದರು. ತಂಡದ ಒಡೆಯರೂ ವ್ಯವಸ್ಥಾಪಕರೂ ಆದ ಜಾರ್ಜ್ ಕೆನಡಿ ಅವರು ತಂಡದೊಂದಿಗೇ ಬಂದಿದ್ದರು.

ಪಂದ್ಯಗಳು

ಎಲ್ಲ ಪಂದ್ಯಗಳೂ ನಗರದ ನಡುವಿನ ಐದನೆಯ ಅವೆನ್ಯೂವಿನಲ್ಲಿದ್ದ ಸಿಯಾಟಲ್ ಐಸ್ ಅರೀನಾದಲ್ಲಿ ನಡೆದವು. ಮಾರ್ಚ್ 19ರ ಮೊದಲ ಪಂದ್ಯ ಏಳು ಜನರ ಆಟ. ದೀರ್ಘ ಪ್ರಯಾಣದ ದಣಿವು ಒಂದೆಡೆ, ಅಭ್ಯಾಸವಿಲ್ಲದ ನಿಯಮ ಇನ್ನೊಂದೆಡೆ. ಮಾಂಟ್ರಿಯಲ್ ತಂಡವು ತತ್ತರಿಸಿತು. ಫಾಯ್ಸ್ಟನ್ ಅವರು ಮೂರು ಗೋಲು ಹೊಡೆದರು. ಸಿಯಾಟಲ್ 7-0ರಿಂದ ಗೆದ್ದಿತು.

ಮಾರ್ಚ್ 22ರಂದು ಆರು ಜನರ ಆಟ. ಈ ಬಾರಿ ಲಲಾಂಡ್ ಅವರ ದಿನ. ಮಾಂಟ್ರಿಯಲ್ ಪರ ಬಂದ ನಾಲ್ಕೂ ಗೋಲುಗಳು ಅವರ ಕೋಲಿನಿಂದಲೇ ಬಂದವು. ತಂಡ 4-2ರಿಂದ ಜಯಿಸಿತು. ಎರಡು ದಿನಗಳ ಬಳಿಕ ಮತ್ತೆ ಪಶ್ಚಿಮದ ನಿಯಮ ಜಾರಿಗೆ ಬಂದಾಗ ಫಾಯ್ಸ್ಟನ್ ಅವರು ನಾಲ್ಕು ಗೋಲು ಹೊಡೆದು ಲೆಕ್ಕ ಸರಿಮಾಡಿದರು. ಸಿಯಾಟಲ್ 7-2ರಿಂದ ಗೆದ್ದು ಸರಣಿಯಲ್ಲಿ 2-1ರ ಮುನ್ನಡೆ ಪಡೆಯಿತು. ಇನ್ನೊಂದು ಗೆಲುವು ಬಂದರೆ ಕಪ್ ಅವರದು.

ಮಾರ್ಚ್ 26ರ ನಾಲ್ಕನೆಯ ಪಂದ್ಯವನ್ನು ಆ ಕಾಲದ ಅತ್ಯುತ್ತಮ ಹಾಕಿ ಪಂದ್ಯಗಳಲ್ಲಿ ಒಂದೆಂದು ಇತಿಹಾಸಕಾರರು ಎಣಿಸುತ್ತಾರೆ. ಒಂದು ಗೋಲೂ ಇಲ್ಲದ ಪಂದ್ಯಕ್ಕೆ ಇಂತಹ ಮನ್ನಣೆ ದೊರೆತದ್ದು ವಿಶೇಷವೇ ಸರಿ. ಹೋಮ್ಸ್ ಮತ್ತು ವೆಜಿನಾ ಇಬ್ಬರೂ ತಮ್ಮೆಡೆಗೆ ಬಂದ ಪ್ರತಿಯೊಂದು ಹೊಡೆತವನ್ನೂ ತಡೆದರು. ಮೊದಲ ಅವಧಿಯ ಕಟ್ಟಕಡೆಯ ಕ್ಷಣದಲ್ಲಿ ವಿಲ್ಸನ್ ಅವರು ಪಕ್ಕನ್ನು ಗೋಲಿನೊಳಕ್ಕೆ ಸೇರಿಸಿದರಾದರೂ ಅಷ್ಟರಲ್ಲಿ ಅವಧಿ ಮುಗಿದಿತ್ತೆಂದು ತೀರ್ಪುಗಾರರು ಗೋಲನ್ನು ಮಾನ್ಯ ಮಾಡಲಿಲ್ಲ. ಆ ಒಂದು ಕ್ಷಣ ಮುಂಚೆ ಪಕ್ ಒಳಹೊಕ್ಕಿದ್ದರೆ ಸರಣಿ ಅಂದೇ ಮುಗಿಯುತ್ತಿದ್ದಿರಬಹುದು. ಅರುವತ್ತು ನಿಮಿಷಗಳ ಆಟದ ಬಳಿಕ ಇಪ್ಪತ್ತು ನಿಮಿಷಗಳ ಹೆಚ್ಚುವರಿ ಆಟವೂ ಮುಗಿಯಿತು, ಫಲಿತಾಂಶ 0-0. ಆಟ ನಿಂತಾಗ ದಣಿದ ಆಟಗಾರರು ಮಂಜುಗಡ್ಡೆಯ ಮೇಲೆಯೇ ಕುಸಿದರು. ಪ್ರೇಕ್ಷಕರು ಎದ್ದು ನಿಂತು ಎರಡೂ ತಂಡಗಳಿಗೆ ಜಯಘೋಷ ಮಾಡಿದರು.

ಸಮವಾದ ಪಂದ್ಯವನ್ನು ಲೆಕ್ಕಕ್ಕೆ ಹಿಡಿಯಬೇಕೇ ಬಾರದೇ, ಮುಂದಿನ ಪಂದ್ಯಕ್ಕೆ ಯಾರ ನಿಯಮ ಎಂಬ ಪ್ರಶ್ನೆ ಎದ್ದಿತು. ಕಡೆಗೆ ಐದನೆಯ ಪಂದ್ಯವನ್ನು ನಾಲ್ಕನೆಯದರ ಪುನರಾವರ್ತನೆ ಎಂದು ಭಾವಿಸಿ ಪೂರ್ವದ ನಿಯಮಗಳನ್ನೇ ಮುಂದುವರಿಸಲಾಯಿತು. ಮಾರ್ಚ್ ತಿಂಗಳ ಕೊನೆಯ ವಾರಾಂತ್ಯದಲ್ಲಿ ನಡೆದ ಈ ಪಂದ್ಯದಲ್ಲಿ ಎರಡು ಅವಧಿಗಳು ಮುಗಿದಾಗ ಸಿಯಾಟಲ್ 3-0ರಿಂದ ಮುಂದಿತ್ತು. ಕಪ್ ಅವರ ಕೈಗೆ ಬಂದೇಬಿಟ್ಟಿತೆಂದು ಊರವರು ತಿಳಿದದ್ದರಲ್ಲಿ ಆಶ್ಚರ್ಯವಿಲ್ಲ. ಮೂರನೆಯ ಅವಧಿಯಲ್ಲಿ ಕ್ಲೆಗ್‌ಹಾರ್ನ್ ಒಂದು ಗೋಲನ್ನೂ ಲಲಾಂಡ್ ಎರಡು ಗೋಲುಗಳನ್ನೂ ಹೊಡೆದು ಅಂಕವನ್ನು ಸಮಗೊಳಿಸಿದರು. ಬದಲಿ ಆಟಗಾರರು ಕಡಿಮೆಯಿದ್ದ ಸಿಯಾಟಲ್ ತಂಡದ ಕಸುವು ಅಷ್ಟರಲ್ಲಿ ಬತ್ತಿಹೋಗಿತ್ತು. ಹೆಚ್ಚುವರಿ ಆಟದಲ್ಲಿ ಬಳಲಿದ ವಿಲ್ಸನ್ ಅವರು ಅಂಕಣದಿಂದ ಹೊರಬಂದ ಹೊತ್ತಿನಲ್ಲಿ ಮೆಕ್‌ಡೊನಾಲ್ಡ್ ಅವರು ನುಗ್ಗಿ ಬಂದು ಹದಿನಾರನೆಯ ನಿಮಿಷದಲ್ಲಿ ಗೆಲುವಿನ ಗೋಲು ಹೊಡೆದರು. ಮಾಂಟ್ರಿಯಲ್ 4-3ರಿಂದ ಗೆದ್ದಿತು.

ಈ ಗೆಲುವಿನ ಸಂಭ್ರಮದಲ್ಲಿ ಒಂದು ಸಂಗತಿಯನ್ನು ಹೆಚ್ಚಿನವರು ಗಮನಿಸಲಿಲ್ಲ. ಜೋ ಹಾಲ್ ಅವರು ಪಂದ್ಯದ ನಡುವೆಯೇ ಆಟ ನಿಲ್ಲಿಸಿ ಹೊರಗೆ ಹೋಗಿದ್ದರು. ಅವರಿಗೆ ಮೈ ಸುಡುವ ಜ್ವರ ಬಂದಿತ್ತು.

ಐದು ಪಂದ್ಯಗಳಲ್ಲಿ ಸಿಯಾಟಲ್ 19 ಗೋಲುಗಳನ್ನೂ ಮಾಂಟ್ರಿಯಲ್ 10 ಗೋಲುಗಳನ್ನೂ ಹೊಡೆದವು. ವೈಯಕ್ತಿಕವಾಗಿ ಫಾಯ್ಸ್ಟನ್ ಅವರದು ಒಂಬತ್ತು, ಲಲಾಂಡ್ ಅವರದು ಆರು. ಸಿಯಾಟಲ್‌ನ ಎರಡು ಗೆಲುವುಗಳೂ ಏಳು ಜನರ ಆಟದಲ್ಲಿ ಬಂದವು, ಮಾಂಟ್ರಿಯಲ್‌ನ ಎರಡೂ ಆರು ಜನರ ಆಟದಲ್ಲಿ.

ಜ್ವರ ಮತ್ತು ರದ್ದತಿ

1918ರಲ್ಲಿ ಆರಂಭವಾದ ಇನ್‌ಫ್ಲುಯೆಂಜಾ ಮಹಾಮಾರಿಯು ಜಗತ್ತಿನ ಎಲ್ಲ ಖಂಡಗಳಲ್ಲಿ ಕೋಟ್ಯಂತರ ಜನರನ್ನು ಬಲಿ ತೆಗೆದುಕೊಂಡಿತು. ಇದೇ ಜ್ವರ ಬೊಂಬಾಯಿ ಬಂದರಿನ ಮೂಲಕ ಭಾರತಕ್ಕೆ ಬಂದು ಮೈಸೂರು ಸಂಸ್ಥಾನವನ್ನೂ ಬಿಡದೆ ಕಾಡಿತ್ತು. ಮಕ್ಕಳು ಮುದುಕರಿಗಿಂತಲೂ ಇಪ್ಪತ್ತರಿಂದ ನಲವತ್ತರ ವಯಸ್ಸಿನ ಗಟ್ಟಿಮುಟ್ಟಾದವರನ್ನು ಅದು ಎಂದಿಲ್ಲದಷ್ಟು ಪ್ರಮಾಣದಲ್ಲಿ ಕೊಂದದ್ದು ಅದರ ವೈಚಿತ್ರ್ಯ. ಸಿಯಾಟಲ್‌ನಲ್ಲಿ 1918ರ ಅಕ್ಟೋಬರಿನಲ್ಲಿ ಶಾಲೆ, ಚರ್ಚು, ನಾಟಕಶಾಲೆಗಳನ್ನು ಮುಚ್ಚಿಸಲಾಗಿತ್ತು. ಜನ ಮುಖಕ್ಕೆ ಬಟ್ಟೆಯ ಮುಸುಕು ಧರಿಸಬೇಕೆಂಬ ಆಜ್ಞೆ ಹೊರಟಿತ್ತು. ನವೆಂಬರಿನಲ್ಲಿ ಯುದ್ಧವಿರಾಮದ ಸಂತಸದ ಜೊತೆಯಲ್ಲೇ ನಿರ್ಬಂಧಗಳೂ ತೆರವಾದವು. ರೋಗ ಹೋಯಿತೆಂದು ಜನ ನಂಬಿದರು. ಆದರೆ ಅದು 1919ರ ಆರಂಭದ ತಿಂಗಳುಗಳಲ್ಲಿ ಮೂರನೆಯ ಅಲೆಯಾಗಿ ಮರಳಿತ್ತು.

ಐದನೆಯ ಪಂದ್ಯದ ಬೆನ್ನಲ್ಲೇ ಮಾಂಟ್ರಿಯಲ್ ಆಟಗಾರರು ಒಬ್ಬೊಬ್ಬರಾಗಿ ಹಾಸಿಗೆ ಹಿಡಿದರು. ಹಾಲ್, ಮೆಕ್‌ಡೊನಾಲ್ಡ್, ಲಲಾಂಡ್, ಕುಟು, ಬರ್ಲಿನ್ಕೆಟ್ ಈ ಐವರು ಆಟಗಾರರಿಗೂ ಒಡೆಯ ಕೆನಡಿ ಅವರಿಗೂ ಜ್ವರ ತಗಲಿತು. ಅವರ ಮೈಯ ಉಷ್ಣತೆ 101ರಿಂದ 105 ಡಿಗ್ರಿ ಫ್ಯಾರನ್‌ಹೀಟಿನವರೆಗೆ ಏರಿತ್ತು. ಎರಡು ದಿನಗಳ ಹಿಂದೆ ಗೆಲುವಿನ ಗೋಲು ಹೊಡೆದಿದ್ದ ಮೆಕ್‌ಡೊನಾಲ್ಡ್ ಅವರು ಏಳಲಾರದ ಸ್ಥಿತಿಯಲ್ಲಿದ್ದರು. ಮಾಂಟ್ರಿಯಲ್ ತಂಡದಲ್ಲಿ ಅಂಕಣಕ್ಕಿಳಿಯಲು ಶಕ್ತರಾಗಿ ಉಳಿದವರು ಆರು ಜನರ ಆಟಕ್ಕೂ ಸಾಲುತ್ತಿರಲಿಲ್ಲ. ಆರನೆಯ ಪಂದ್ಯವಾದರೋ ಏಳು ಜನರದು.

ಕೆನಡಿ ಅವರು ವಿಕ್ಟೋರಿಯ ತಂಡದ ಆಟಗಾರರನ್ನು ಎರವಲು ಪಡೆದು ಪಂದ್ಯ ಆಡುವುದಾಗಿ ಕೋರಿದರು. ಪಶ್ಚಿಮದ ಸಂಘದ ಅಧ್ಯಕ್ಷರಾಗಿದ್ದ ಫ್ರಾಂಕ್ ಪ್ಯಾಟ್ರಿಕ್ ಅವರು ಇದಕ್ಕೆ ಒಪ್ಪಲಿಲ್ಲ. ಆಗ ಕೆನಡಿ ಅವರು ಪಂದ್ಯವನ್ನು ಬಿಟ್ಟುಕೊಟ್ಟು ಕಪ್ಪನ್ನು ಸಿಯಾಟಲ್‌ಗೆ ಒಪ್ಪಿಸಲು ಮುಂದಾದರು. ನಿಯಮದ ಪ್ರಕಾರ ಸಿಯಾಟಲ್ ತಂಡವು ಅದನ್ನು ಸ್ವೀಕರಿಸಬಹುದಾಗಿತ್ತು. ಕಪ್ ಪಡೆಯಲು ಕೈಚಾಚುವುದಷ್ಟೇ ಬಾಕಿಯಿತ್ತು. ಪೀಟ್ ಮಲ್ಡೂನ್ ಅವರು ನಿರಾಕರಿಸಿದರು. ಎದುರಾಳಿಗಳು ಆಡಲು ಬಾರದಿರುವುದು ಅವರ ತಪ್ಪಿನಿಂದಲ್ಲ, ರೋಗದಿಂದ. ಹಾಸಿಗೆಯಲ್ಲಿ ಮಲಗಿದವರಿಂದ ಪಡೆದ ಕಪ್ಪು ತಮಗೆ ಬೇಡವೆಂಬುದು ಅವರ ನಿಲುವಾಗಿತ್ತು. ಆಟದ ಇತಿಹಾಸದಲ್ಲಿ ಗೆದ್ದವರ ಕಥೆಗಳು ಬೇಕಾದಷ್ಟಿವೆ. ಗೆಲುವನ್ನು ಬೇಡವೆಂದ ಈ ನಿರ್ಧಾರಕ್ಕೆ ದೊರೆಯಬೇಕಾದಷ್ಟು ಪ್ರಚಾರ ದೊರೆತಿಲ್ಲ. ಹಾಗೆಂದು ಸಿಯಾಟಲ್ ತಂಡಕ್ಕೆ ಆ ನಿರ್ಧಾರವು ಅಗ್ಗವಾಗಿಯೂ ಇರಲಿಲ್ಲ. ಆರನೆಯ ಪಂದ್ಯವು ಅವರ ನಿಯಮದಂತೆಯೇ ನಡೆಯಬೇಕಿತ್ತು; ಆ ನಿಯಮದಡಿ ಅವರು ಎರಡು ಪಂದ್ಯಗಳಲ್ಲಿ 14-2ರ ಅಂತರದಿಂದ ಗೆದ್ದಿದ್ದರು.

ಏಪ್ರಿಲ್ 1ರಂದು ಪಂದ್ಯಕ್ಕೆ ಐದೂವರೆ ಗಂಟೆಗಳಿರುವಾಗ ರದ್ದತಿಯನ್ನು ಘೋಷಿಸಲಾಯಿತು. ಪಂದ್ಯವನ್ನು ಮುಂದೂಡಿ ಕಾಯುವ ಸ್ಥಿತಿಯೂ ಇರಲಿಲ್ಲ. ಆಟಗಾರರು ಎಂದು ಗುಣಹೊಂದುವರೆಂದು ಯಾರೂ ಹೇಳುವಂತಿರಲಿಲ್ಲ.

ಜೋ ಹಾಲ್

ಜೋಸೆಫ್ ಹೆನ್ರಿ ಹಾಲ್ ಅವರು 1881ರಲ್ಲಿ ಇಂಗ್ಲೆಂಡಿನ ಸ್ಟಾಫರ್ಡ್‌ಶೈರಿನಲ್ಲಿ ಜನಿಸಿ ಕೆನಡಾದ ಮ್ಯಾನಿಟೋಬ ಪ್ರಾಂತದ ಬ್ರ್ಯಾಂಡನ್ ಪಟ್ಟಣದಲ್ಲಿ ಬೆಳೆದವರು. 1912 ಮತ್ತು 1913ರಲ್ಲಿ ಸ್ಟ್ಯಾನ್ಲಿ ಕಪ್ ಗೆದ್ದ ಕ್ವಿಬೆಕ್ ಬುಲ್‌ಡಾಗ್ಸ್ ತಂಡದ ಸದಸ್ಯರಾಗಿದ್ದರು. 1917ರಲ್ಲಿ ಕ್ವಿಬೆಕ್ ತಂಡ ಹೊಸ ಲೀಗಿನಲ್ಲಿ ಆಡದೆ ಉಳಿದಾಗ ಮಾಂಟ್ರಿಯಲ್ ಸೇರಿದರು.

ಅಂಕಣದಲ್ಲಿ ಅವರ ಒರಟುತನ ಕುಖ್ಯಾತವಾಗಿತ್ತು. 'ಬ್ಯಾಡ್ ಜೋ' ಎಂಬ ಹೆಸರೇ ನಿಂತುಬಿಟ್ಟಿತ್ತು. 1918ರ ಜನವರಿಯಲ್ಲಿ ಟೊರಾಂಟೊದಲ್ಲಿ ಆಲ್ಫ್ ಸ್ಕಿನ್ನರ್ ಅವರೊಡನೆ ಕೋಲುಗಳಿಂದ ಬಡಿದಾಡಿದ್ದಕ್ಕಾಗಿ ಇಬ್ಬರನ್ನೂ ಪೊಲೀಸರು ಬಂಧಿಸಿದ್ದುಂಟು. 1918-19ರ ಋತುವಿನಲ್ಲಿ ಲೀಗಿನ ಎಲ್ಲರಿಗಿಂತ ಹೆಚ್ಚು ದಂಡದ ನಿಮಿಷಗಳನ್ನು ಪಡೆದವರೂ ಅವರೇ. ಅಂಕಣದ ಹೊರಗೆ ಮಾತ್ರ ಅವರು ಸೌಮ್ಯರೆಂದು ಬಲ್ಲವರು ಹೇಳುತ್ತಿದ್ದರು. ಬೇರೆ ಬೇರೆ ತಂಡಗಳಲ್ಲಿದ್ದಾಗ ಅವರಿಗೂ ಲಲಾಂಡ್ ಅವರಿಗೂ ರಕ್ತ ಹರಿಯುವಂತಹ ಹಗೆತನವಿತ್ತು. ಒಂದೇ ತಂಡಕ್ಕೆ ಬಂದ ಮೇಲೆ ಇಬ್ಬರೂ ಪ್ರಯಾಣದಲ್ಲಿ ಒಂದೇ ಕೋಣೆಯಲ್ಲಿ ತಂಗುವಷ್ಟು ಗೆಳೆಯರಾದರು.

ಉಳಿದವರ ಜ್ವರ ಇಳಿಯತೊಡಗಿದಾಗ ಹಾಲ್ ಅವರದು ನ್ಯುಮೋನಿಯಕ್ಕೆ ತಿರುಗಿತು. ಏಪ್ರಿಲ್ 5ರಂದು ಅವರು ಕೊನೆಯುಸಿರೆಳೆದರು. ವಯಸ್ಸು ಮೂವತ್ತೇಳು. ಬ್ರ್ಯಾಂಡನ್ನಿನಲ್ಲಿ ಅವರ ಪತ್ನಿ ಮತ್ತು ಮೂವರು ಮಕ್ಕಳಿದ್ದರು. ಅಂತ್ಯಕ್ರಿಯೆ ವ್ಯಾಂಕೂವರಿನಲ್ಲಿ ನಡೆಯಿತು. 1961ರಲ್ಲಿ ಅವರ ಹೆಸರನ್ನು ಹಾಕಿ ಕೀರ್ತಿಭವನಕ್ಕೆ ಸೇರಿಸಲಾಯಿತು.

ನಂತರದ ಬೆಳವಣಿಗೆಗಳು

ಜಾರ್ಜ್ ಕೆನಡಿ ಅವರು ಬದುಕಿ ಮನೆಗೆ ಮರಳಿದರೂ ಪೂರ್ಣವಾಗಿ ಚೇತರಿಸಿಕೊಳ್ಳಲಿಲ್ಲ. 1921ರ ಅಕ್ಟೋಬರಿನಲ್ಲಿ ನಿಧನರಾದರು. ಈ ಸರಣಿಯ ಎರಡನೆಯ ಬಲಿ ಅವರೆಂದು ಹೇಳುವುದು ವಾಡಿಕೆ. ಅವರ ಪತ್ನಿಯು ತಂಡವನ್ನು 11,000 ಡಾಲರುಗಳಿಗೆ ಲಿಯೊ ದಾಂದುರಾನ್ ಮತ್ತು ಅವರ ಇಬ್ಬರು ಪಾಲುದಾರರಿಗೆ ಮಾರಿದರು. ಮುಂದೆ ಅತಿ ಹೆಚ್ಚು ಬಾರಿ ಸ್ಟ್ಯಾನ್ಲಿ ಕಪ್ ಗೆದ್ದ ತಂಡವೆನಿಸಿದ ಕೆನೇಡಿಯನ್ಸ್ ಅಂದು ಕೈ ಬದಲಾದ ಬೆಲೆ ಇದು.

ಕಲಿ ವಿಲ್ಸನ್ ಅವರು ಆ ಋತುವಿನಲ್ಲಿ ವ್ಯಾಂಕೂವರಿನ ಮಿಕಿ ಮೆಕೆ ಅವರ ದವಡೆ ಮುರಿಯುವಂತೆ ಹೊಡೆದಿದ್ದ ಕಾರಣಕ್ಕೆ ಪಶ್ಚಿಮದ ಸಂಘದಿಂದ ಹೊರಹಾಕಲ್ಪಟ್ಟು ಪೂರ್ವಕ್ಕೆ ಹೋದರು. ಮಲ್ಡೂನ್ ಅವರು 1926ರಲ್ಲಿ ಶಿಕಾಗೊ ತಂಡದ ಮೊದಲ ತರಬೇತುದಾರರಾದರು. ಕೆಲಸದಿಂದ ತೆಗೆದುದಕ್ಕಾಗಿ ಅವರು ಆ ತಂಡಕ್ಕೆ ಶಾಪ ಹಾಕಿದರೆಂಬ ಕಥೆಯೊಂದು ಬಹುಕಾಲ ಚಲಾವಣೆಯಲ್ಲಿತ್ತು. ಅದು ಪತ್ರಕರ್ತರೊಬ್ಬರ ಕಲ್ಪನೆ.

ಸಿಯಾಟಲ್ ತಂಡವು 1920ರಲ್ಲಿ ಮತ್ತೊಮ್ಮೆ ಅಂತಿಮ ಸರಣಿಗೆ ಬಂದು ಒಟ್ಟಾವದ ಎದುರು 3-2ರಿಂದ ಸೋತಿತು. 1924ರಲ್ಲಿ ತಂಡವೂ ಪಶ್ಚಿಮದ ಸಂಘವೂ ಕಣ್ಮರೆಯಾದವು. ಐಸ್ ಅರೀನಾವನ್ನು ಮೋಟಾರು ವಾಹನಗಳನ್ನು ನಿಲ್ಲಿಸುವ ಕಟ್ಟಡವಾಗಿ ಮಾರ್ಪಡಿಸಲಾಯಿತು. ರೋವರ್ ಸ್ಥಾನವೂ ಅದೇ ಕಾಲದಲ್ಲಿ ಆಟದಿಂದ ಮರೆಯಾಯಿತು. ನೀಲಿ ಗೆರೆ, ಮುಂದಕ್ಕೆ ದಾಟಿಸುವ ಪಾಸು ಮುಂತಾದ ಪಶ್ಚಿಮದ ಹೊಸತನಗಳು ಮಾತ್ರ ಪೂರ್ವದ ಲೀಗಿನಲ್ಲಿ ಉಳಿದುಕೊಂಡವು. ಸಿಯಾಟಲ್ ನಗರಕ್ಕೆ ನ್ಯಾಷನಲ್ ಹಾಕಿ ಲೀಗಿನ ತಂಡವೊಂದು ದೊರೆತದ್ದು 2021ರಲ್ಲಿ, ಕ್ರಾಕನ್ ಎಂಬ ಹೆಸರಿನಲ್ಲಿ.

ಕಪ್ಪಿನ ಮೇಲಿನ ಬರಹ

ಸ್ಟ್ಯಾನ್ಲಿ ಕಪ್ಪಿನ ಮೇಲೆ ಗೆದ್ದ ತಂಡಗಳ ಹೆಸರನ್ನು ಕೆತ್ತುವುದು ಪದ್ಧತಿ. 1919ಕ್ಕೆ ಬಹುಕಾಲ ಯಾವ ಬರಹವೂ ಇರಲಿಲ್ಲ. 1948ರಲ್ಲಿ ಕಪ್ಪಿನ ಆಕಾರವನ್ನು ಮರುರೂಪಿಸಿದಾಗ ಆ ವರ್ಷದ ಎದುರು ಎರಡೂ ತಂಡಗಳ ಹೆಸರನ್ನು ಕೆತ್ತಿ, ಸರಣಿ ಪೂರ್ಣಗೊಳ್ಳಲಿಲ್ಲವೆಂಬ ಟಿಪ್ಪಣಿಯನ್ನು ಸೇರಿಸಲಾಯಿತು. ಜ್ವರದ ಉಲ್ಲೇಖವಾಗಲಿ ಹಾಲ್ ಅವರ ಹೆಸರಾಗಲಿ ಆ ಟಿಪ್ಪಣಿಯಲ್ಲಿಲ್ಲ.

ಎರಡನೆಯ ಸಲ ಕಪ್ ಪ್ರದಾನವಾಗದೆ ಉಳಿದದ್ದು 2005ರಲ್ಲಿ. ಆಟಗಾರರಿಗೂ ತಂಡಗಳ ಒಡೆಯರಿಗೂ ನಡುವಿನ ಸಂಬಳದ ವಿವಾದದಿಂದ 2004-05ರ ಋತುವೇ ರದ್ದಾಗಿತ್ತು. 2020ರ ಮಾರ್ಚಿನಲ್ಲಿ ಕೊರೊನಾ ಸೋಂಕಿನ ಕಾರಣ ಲೀಗಿನ ಪಂದ್ಯಗಳನ್ನು ನಿಲ್ಲಿಸಿದಾಗ 1919ರ ಸರಣಿಯ ನೆನಪು ಪತ್ರಿಕೆಗಳಲ್ಲಿ ಮತ್ತೆ ಕಾಣಿಸಿಕೊಂಡಿತು. ಆ ವರ್ಷ ಆಟಗಾರರನ್ನು ಹೊರಜಗತ್ತಿನಿಂದ ಪ್ರತ್ಯೇಕಿಸಿ, ಪ್ರೇಕ್ಷಕರಿಲ್ಲದ ಕ್ರೀಡಾಂಗಣಗಳಲ್ಲಿ ಆಡಿಸಿ, ಸೆಪ್ಟೆಂಬರಿನಲ್ಲಿ ಕೆನಡಾದ ಎಡ್ಮಂಟನ್ ನಗರದಲ್ಲಿ ಕಪ್ಪನ್ನು ಟ್ಯಾಂಪಾ ಬೇ ತಂಡಕ್ಕೆ ನೀಡಲಾಯಿತು.